ಹಳೇಬೀಡಿನಲ್ಲಿ ಮೊದಲು ಬಯಲಿನ ಶಿಲ್ಪ, ಆಮೇಲೆ ಗುಡಿ

ಮಾನ್ಯ ಸಂಪಾದಕರೇ,

ಹಳೇಬೀಡಿಗೆ ಬರುವವರು ನೇರವಾಗಿ ಹೊಯ್ಸಳೇಶ್ವರ ಗುಡಿಗೆ ಹೋಗುತ್ತಾರೆ. ಅಲ್ಲೇ ಪುರಾತತ್ವ ಇಲಾಖೆಯ ವಸ್ತುಸಂಗ್ರಹಾಲಯವಿದೆ; ಅದಕ್ಕೆ ಸೇರಿದಂತೆ ಬಯಲಿನಲ್ಲಿ ಬಿಡಿ ಶಿಲ್ಪಗಳನ್ನು ಸಾಲಾಗಿ ನಿಲ್ಲಿಸಿದ್ದಾರೆ. ಬಸ್ ಹೊರಡಲು ಇನ್ನೂ ಹತ್ತು ನಿಮಿಷ ಇದ್ದರೆ ಜನ ಅತ್ತ ಒಮ್ಮೆ ಹೆಜ್ಜೆ ಹಾಕುತ್ತಾರೆ, ಇಲ್ಲದಿದ್ದರೆ ಅದೂ ಇಲ್ಲ. ಈ ಕ್ರಮವನ್ನು ತಿರುವಿ ಹಾಕಬೇಕು, ಮೊದಲು ಬಯಲಿನ ಶಿಲ್ಪಗಳ ನಡುವೆ ಗೈಡ್ ಜೊತೆ ನಡೆದು ಆಮೇಲೆ ಗುಡಿಯ ಜಗತಿ, ಅಂದರೆ ಗುಡಿ ನಿಂತಿರುವ ಎತ್ತರದ ಕಟ್ಟೆ, ಹತ್ತಬೇಕು ಎಂದು ಪ್ರವಾಸಿಗರನ್ನೂ ಶಾಲೆಗಳನ್ನೂ ಸಂಬಂಧಪಟ್ಟವರನ್ನೂ ಕೇಳಿಕೊಳ್ಳಲು ಈ ಪತ್ರ ಬರೆಯುತ್ತಿದ್ದೇನೆ.

ನಾನು ಹಾಸನ ಜಿಲ್ಲೆಯ ಪ್ರೌಢಶಾಲೆಗಳಲ್ಲಿ ಚಿತ್ರಕಲೆ ಕಲಿಸಿ ನಿವೃತ್ತಳಾದವಳು. ಕಳೆದ ತಿಂಗಳು ತಂಗಿಯ ಮೊಮ್ಮಕ್ಕಳು ಬೆಂಗಳೂರಿನಿಂದ ಬಂದಿದ್ದರು. ಅವರನ್ನು ಕರೆದುಕೊಂಡು ಬೆಳಗಿನ ಬಸ್ಸಿಗೆ ಹಳೇಬೀಡಿಗೆ ಹೋದೆ. ಅಲ್ಲಿ ಸಿಕ್ಕ ಗೈಡ್ ಅದೇ ಊರಿನವರು, ಐವತ್ತು ದಾಟಿದವರು. ಅರಸೀಕೆರೆ ಕಡೆಯ ಒಂದು ಕುಟುಂಬವೂ ನಮ್ಮ ಜೊತೆ ಸೇರಿಕೊಂಡಿತು. ಎಲ್ಲರೂ ಚಪ್ಪಲಿ ಬಿಡಲು ಹೊರಟಾಗ ಅವರು ತಡೆದು, "ನನ್ನ ಮಾತು ಕೇಳುವುದಾದರೆ ಮೊದಲು ಈ ಕಡೆ ಬನ್ನಿ. ಗುಡಿ ಎಲ್ಲಿಗೂ ಹೋಗುವುದಿಲ್ಲ" ಎಂದು ಬಯಲಿನತ್ತ ನಡೆದರು.

ಅಲ್ಲಿಗೆ ಹೋದ ಮೇಲೂ ಅವರು ಶಿಲ್ಪದ ಮುಖ ತೋರಿಸಲಿಲ್ಲ. ನಮ್ಮನ್ನು ಹಿಂದಕ್ಕೆ ಕರೆದುಕೊಂಡು ಹೋಗಿ "ಮೊದಲು ಬೆನ್ನು ನೋಡಿ" ಎಂದರು. ಮುಂಭಾಗದಲ್ಲಿ ಹಾರದ ಒಂದೊಂದು ಮಣಿಯನ್ನೂ ಎಣಿಸಬಹುದು. ಹಿಂದೆ ಉಳಿಯ ಏಟುಗಳು ಹಾಗೆಯೇ ಉಳಿದಿವೆ, ಒರಟು ಒರಟಾಗಿ, ಓರೆ ಓರೆಯಾಗಿ. ದೊಡ್ಡ ಹುಡುಗಿ, ಆರನೆಯ ತರಗತಿಯವಳು, "ಅಂಕಲ್, ಇಲ್ಲಿ ಯಾಕೆ ಅರ್ಧಕ್ಕೆ ಬಿಟ್ಟರು?" ಎಂದು ಕೇಳಿದಳು. "ಬಿಟ್ಟದ್ದಲ್ಲ ಪುಟ್ಟಿ. ಇದು ಗೋಡೆಯ ಕಡೆಗೆ ಇರಬೇಕಾಗಿದ್ದ ಭಾಗ. ಕಾಣದ ಕಡೆಯೂ ಇಷ್ಟೇ ಕೆತ್ತುತ್ತಾ ಕೂತರೆ ಗುಡಿ ಮುಗಿಯುವುದು ಯಾವಾಗ?" ಎಂದರು ಅವರು. ಆ ಮಕ್ಕಳಿಗೆ ಆ ಕ್ಷಣದಲ್ಲಿ ಗುಡಿ ಎಂದರೆ ಯಾರೋ ಕುಳಿತು, ಲೆಕ್ಕ ಹಾಕಿ, ಬೆವರು ಸುರಿಸಿ ಮಾಡಿದ ಕೆಲಸ ಎಂಬುದು ಹೊಳೆಯಿತು. ಗೋಡೆಯಲ್ಲಿ ಕೂತ ಮೂರ್ತಿ ಇದನ್ನು ಹೇಳಲಾರದು. ಅದರ ಬೆನ್ನು ನಮಗೆ ಕಾಣುವುದೇ ಇಲ್ಲ.

ಕಂಬದ ತುಂಡುಗಳ ವಿಷಯವೂ ಹೀಗೆಯೇ. ಗುಡಿಯೊಳಗಿನ ತಿರುಗಣೆ ಕಂಬಗಳನ್ನು ಎಲ್ಲರೂ ಕೈಯಿಂದ ಸವರಿ "ಎಷ್ಟು ನುಣುಪು" ಎನ್ನುತ್ತಾರೆ. ಬಿಡಿಯಾಗಿ ಬಿದ್ದ ಕಲ್ಲಿನಲ್ಲಾದರೆ ತುದಿಯ ಗೂಟ ಕಾಣುತ್ತದೆ, ಅದು ಕೂರಬೇಕಾದ ಕುಳಿ ಕಾಣುತ್ತದೆ. ಗಾರೆಯ ನೆರವಿಲ್ಲದೆ ಕಲ್ಲಿಗೆ ಕಲ್ಲನ್ನು ಕೂರಿಸಿದ ಬಗೆ ಅರ್ಥವಾಗುತ್ತದೆ. ಕಂಬದ ಸುತ್ತ ಇರುವ ಉಂಗುರಗಳು ಕಲ್ಲನ್ನು ತಿರುಗಿಸುತ್ತಾ ಕೊರೆದಾಗ ಮೂಡಿದವು. ಕಲ್ಲು ಕೂಡ ಅಂಥದ್ದೇ. ಈ ಬಳಪದ ಕಲ್ಲು ನೆಲದಿಂದ ತೆಗೆದಾಗ ಮೆತ್ತಗಿರುತ್ತದೆ, ಗಾಳಿ ಬಿಸಿಲಿಗೆ ಬಂದ ಮೇಲೆ ಗಟ್ಟಿಯಾಗುತ್ತದೆ. ಸ್ಲೇಟಿನ ಮೇಲೆ ನಾವು ಬರೆದ ಬಳಪವೂ ಇದೇ ಜಾತಿಯ ಕಲ್ಲಿನದು. ಮಲೆನಾಡಿನ ಅಡುಗೆಮನೆಯ ಕಲ್ಲುಮರಿಗೆಯಲ್ಲಿ ಕೈಯಾಡಿಸಿದವರಿಗೆ ಇದರ ನುಣುಪು ಗೊತ್ತು. ಗ್ರಾನೈಟ್ ಕಲ್ಲಿನಲ್ಲಿ ಇಷ್ಟು ಸಣ್ಣ ಕೆತ್ತನೆ ಕಷ್ಟ. ಹೊಯ್ಸಳ ಶಿಲ್ಪಿಗಳು ಆರಿಸಿಕೊಂಡ ಕಲ್ಲೇ ಅವರ ಕಲೆಯ ದಾರಿಯನ್ನು ಅರ್ಧ ತೆರೆದುಕೊಟ್ಟಿತು.

ನಮ್ಮ ನಡಿಗೆಯಲ್ಲಿ ಮಕ್ಕಳನ್ನು ಅತಿ ಹೆಚ್ಚು ಹಿಡಿದು ನಿಲ್ಲಿಸಿದ್ದು ಒಂದು ಮುಕ್ಕಾದ ವಿಷ್ಣುವಿನ ಮೂರ್ತಿ. ನಾಲ್ಕು ಕೈಗಳಲ್ಲಿ ಒಂದು ಮಣಿಕಟ್ಟಿನ ಹತ್ತಿರ ಮುರಿದಿತ್ತು. "ಇವನ ಹೆಸರೇನು ಹೇಳಿ" ಎಂದರು ಗೈಡ್. ವಿಷ್ಣು ಎಂದೆವು. ಅದು ಸಾಲದು ಎಂದರು. ನಿಂತ ವಿಷ್ಣುವಿಗೆ ಕೇಶವ, ನಾರಾಯಣ, ಮಾಧವ ಎಂದು 24 ರೂಪಗಳು. ಸಂಧ್ಯಾವಂದನೆ ಮಾಡುವ ಮನೆಗಳಲ್ಲಿ ಈ ಹೆಸರುಗಳು ಬಾಯಿಪಾಠವಾಗಿರುತ್ತವೆ, ಆದರೆ ಕಲ್ಲಿನಲ್ಲಿ ಗುರುತಿಸುವುದು ಹೇಗೆಂದು ಹೇಳಿಕೊಡುವವರು ಕಡಿಮೆ. ಶಂಖ, ಚಕ್ರ, ಗದೆ, ಪದ್ಮ ಯಾವ ಕೈಯಲ್ಲಿದೆ ಎಂಬುದರಿಂದಲೇ ಹೆಸರು ನಿರ್ಧಾರವಾಗುತ್ತದೆ. ಕೆಳಗಿನ ಬಲಗೈಯಲ್ಲಿ ಪದ್ಮ, ಮೇಲಿನ ಬಲಗೈಯಲ್ಲಿ ಶಂಖ, ಮೇಲಿನ ಎಡಗೈಯಲ್ಲಿ ಚಕ್ರ, ಕೆಳಗಿನ ಎಡಗೈಯಲ್ಲಿ ಗದೆ ಇದ್ದರೆ ಕೇಶವ. ಶಂಖ ಚಕ್ರಗಳು ಸ್ಥಳ ಬದಲಿಸಿಕೊಂಡರೆ ಜನಾರ್ದನ. ನಾಲ್ಕು ವಸ್ತುಗಳನ್ನು ನಾಲ್ಕು ಕೈಗಳಿಗೆ ಎಷ್ಟು ಬಗೆಯಲ್ಲಿ ಹಂಚಬಹುದು ಎಂದು ನಾನು ಮಕ್ಕಳನ್ನು ಕೇಳಿದೆ. ಅಲ್ಲೇ ಮಣ್ಣಿನ ಮೇಲೆ ಕಡ್ಡಿಯಿಂದ ಬರೆದು ನಾಲ್ಕು ಮೂರಲ ಹನ್ನೆರಡು, ಹನ್ನೆರಡು ಎರಡಲ ಇಪ್ಪತ್ತನಾಲ್ಕು ಎಂದು ಲೆಕ್ಕ ಮಾಡಿದರು. ಹಾಗಾದರೆ ಒಂದು ಕೈ ಮುರಿದರೂ ಉಳಿದ ಮೂರನ್ನು ನೋಡಿ ಹೆಸರು ಹೇಳಬಹುದು. ಎರಡು ಕೈ ಹೋದರೆ ಎರಡು ಹೆಸರುಗಳ ನಡುವೆ ನಿಲ್ಲುತ್ತೇವೆ. ಮುಂದೆ ಕಂಡ ಪ್ರತಿಯೊಂದು ಮುಕ್ಕಾದ ಮೂರ್ತಿಯ ಎದುರೂ ಆ ಮಕ್ಕಳು ನಿಂತರು, ಬೆರಳು ಮಡಚಿದರು, ಜಗಳವಾಡಿದರು. ಗಣಿತದ ತರಗತಿ, ಚಿತ್ರಕಲೆಯ ತರಗತಿ, ಪುರಾಣದ ತರಗತಿ ಎಲ್ಲ ಒಂದೇ ಕಡೆ ನಡೆಯುತ್ತಿತ್ತು. ವೃತ್ತಿಯುದ್ದಕ್ಕೂ ನಾನು ಬಯಸಿದ ಪಾಠ ಇದು.

ಇದೇ ರೀತಿ ಜಿನಮೂರ್ತಿಗಳನ್ನು ಗುರುತಿಸುವುದನ್ನೂ ಅವರು ಹೇಳಿಕೊಟ್ಟರು. ತಲೆಯ ಮೇಲೆ ಏಳು ಹೆಡೆಯಿದ್ದರೆ ಪಾರ್ಶ್ವನಾಥ, ಪೀಠದಲ್ಲಿ ಎತ್ತು ಇದ್ದರೆ ಆದಿನಾಥ, ಜಿಂಕೆ ಇದ್ದರೆ ಶಾಂತಿನಾಥ. ಇದನ್ನು ಕಲಿತು ಹತ್ತಿರದ ಬಸ್ತಿಹಳ್ಳಿಯ ಬಸದಿಗಳಿಗೆ ಹೋದವರಿಗೆ ಅಲ್ಲಿ ಬೇರೆ ಗೈಡ್ ಬೇಕಾಗುವುದಿಲ್ಲ. ವೀರಗಲ್ಲಿನ ಮಾತೂ ಬಂತು. ಕೆಳಗಿನ ಪಟ್ಟಿಯಲ್ಲಿ ಕಾದಾಟ, ನಡುವೆ ಅಪ್ಸರೆಯರು ಸತ್ತ ವೀರನನ್ನು ಎತ್ತಿಕೊಂಡು ಹೋಗುವುದು, ಮೇಲೆ ದೇವರ ಸನ್ನಿಧಿ. ಅರಸೀಕೆರೆಯವರ ಕುಟುಂಬದ ಯಜಮಾನರು ಆಗ ಹೇಳಿದ ಮಾತು ನನಗೆ ಬಹಳ ದೊಡ್ಡದೆನಿಸಿತು. ತಮ್ಮ ಊರಿನ ಕೆರೆ ಏರಿಯ ಮೇಲೆ ಇಂಥದ್ದೇ ಕಲ್ಲೊಂದಿದೆ, ವರ್ಷಕ್ಕೊಮ್ಮೆ ಅರಿಸಿನ ಕುಂಕುಮ ಹಚ್ಚುತ್ತೇವೆ, ಅದರಲ್ಲಿ ಕಥೆಯಿದೆ ಎಂದು ಇಂದು ತಿಳಿಯಿತು ಎಂದರು. ಹಾಸನ, ಚಿಕ್ಕಮಗಳೂರು ಜಿಲ್ಲೆಗಳಲ್ಲಿ ಇಂಥ ಕಲ್ಲುಗಳಿಲ್ಲದ ಹೋಬಳಿಯನ್ನು ನಾನು ಕಂಡಿಲ್ಲ. ಓದುವವರಿಲ್ಲದೆ ಅವು ದನ ಕಟ್ಟುವ ಕಂಬಗಳೂ ಬಟ್ಟೆ ಒಗೆಯುವ ಚಪ್ಪಡಿಗಳೂ ಆಗಿವೆ.

ಆ ಯಜಮಾನರೇ "ಇವನ್ನೆಲ್ಲ ಒಡೆದವರು ಯಾರು?" ಎಂದೂ ಕೇಳಿದರು. ಎಲ್ಲರೂ ಕೇಳುವ ಪ್ರಶ್ನೆ. 1311ರಲ್ಲಿ ದೆಹಲಿ ಸುಲ್ತಾನನ ಸೇನಾಪತಿ ಮಲಿಕ್ ಕಾಫೂರನ ದಾಳಿ ದೋರಸಮುದ್ರದ, ಅಂದರೆ ಇದೇ ಹಳೇಬೀಡಿನ, ಮೇಲೆ ನಡೆದದ್ದನ್ನು ಗೈಡ್ ಹೇಳಿದರು. ಜೊತೆಗೆ, ರಾಜಧಾನಿ ಪಾಳುಬಿದ್ದ ಮೇಲೆ ಮರದ ಬೇರುಗಳು ಗೋಡೆ ಸೀಳಿದ್ದನ್ನೂ, ಬಿದ್ದ ಗುಡಿಗಳ ಕಲ್ಲುಗಳು ಬೇರೆ ಕಟ್ಟಡಗಳಿಗೆ ಹೋದದ್ದನ್ನೂ ಅಷ್ಟೇ ಸಮಾಧಾನದಿಂದ ಹೇಳಿದರು. ಮಕ್ಕಳ ಎದುರು ಇತಿಹಾಸ ಹೇಳುವ ರೀತಿ ಹೀಗಿರಬೇಕು.

ಬಯಲಿನಲ್ಲಿ ಇಷ್ಟು ಕಲಿತು ಗುಡಿಗೆ ಹೋದಾಗ ಆ ಗೋಡೆ ಬೇರೆಯಾಗಿ ಕಂಡಿತು. ಕೆಳಗಿನಿಂದ ಆನೆ, ಸಿಂಹ, ಬಳ್ಳಿ, ಕುದುರೆ ಸವಾರರು, ಮತ್ತೆ ಬಳ್ಳಿ, ಪುರಾಣದ ಕಥೆಗಳು, ಮಕರ, ಹಂಸ ಹೀಗೆ ಪಟ್ಟಿಕೆಗಳು ಸಾಗುತ್ತವೆ. ಬರುವ ಗುಂಪುಗಳು ಅವುಗಳ ಮುಂದೆ ಮೊಬೈಲ್ ಎತ್ತಿಕೊಂಡು ಸಾಗುತ್ತಿದ್ದವು; ನಮ್ಮ ಮಕ್ಕಳು ಕಲ್ಲಿನಿಂದ ಕಲ್ಲಿಗೆ ಸಂದು ಎಲ್ಲಿದೆ, ಒಂದು ಆನೆಯ ಸೊಂಡಿಲು ಒಂದು ಕಲ್ಲಿನಲ್ಲಿ ಶುರುವಾಗಿ ಇನ್ನೊಂದರಲ್ಲಿ ಮುಗಿದಿದೆಯೇ ಎಂದು ಹುಡುಕುತ್ತಿದ್ದರು. ಕೈಲಾಸ ಎತ್ತುತ್ತಿರುವ ರಾವಣನ ಮುಂದೆ ನಮಗೆ ವಿವರಣೆ ಬೇಕಾಗಲಿಲ್ಲ.

ಬೆಳಕಿನ ವಿಷಯವನ್ನು ಚಿತ್ರಕಲೆಯವಳಾಗಿ ನಾನು ಹೇಳಲೇಬೇಕು. ಕೆತ್ತನೆ ಕಾಣುವುದು ನೆರಳಿನಿಂದ. ನಡು ಮಧ್ಯಾಹ್ನದ ನೆತ್ತಿಯ ಬಿಸಿಲಿನಲ್ಲಿ ಸೂಕ್ಷ್ಮ ಗೆರೆಗಳೆಲ್ಲ ಅಳಿಸಿಹೋಗುತ್ತವೆ, ಜಗತಿಯ ಕಲ್ಲು ಕಾದು ಬರಿಗಾಲಿನ ಮಕ್ಕಳೂ ಮುದುಕರೂ ಕುಣಿಯುವಂತಾಗುತ್ತದೆ. ಈ ಜೋಡಿ ಗುಡಿಯ ಹೊಯ್ಸಳೇಶ್ವರ, ಶಾಂತಲೇಶ್ವರ ಎರಡೂ ಗರ್ಭಗುಡಿಗಳು ಪೂರ್ವಕ್ಕೆ ಮುಖಮಾಡಿವೆ. ದೊಡ್ಡ ಮೂರ್ತಿಗಳ ಸಾಲು ಸೊಗಸಾಗಿ ಹಬ್ಬಿರುವುದು ಹಿಂದಿನ ಪಶ್ಚಿಮ ಗೋಡೆಯ ಮೇಲೆ. ಬೆಳಿಗ್ಗೆ ಆ ಗೋಡೆ ಮಂಕಾಗಿರುತ್ತದೆ, ಮಧ್ಯಾಹ್ನ ಮೂರು ಗಂಟೆಯ ನಂತರ ಓರೆ ಬಿಸಿಲು ಬಿದ್ದಾಗ ಒಂದೊಂದು ಬೆರಳೂ ಎದ್ದು ಬರುತ್ತದೆ. ಬಿಡಿಯಾಗಿ ನಿಂತ ಶಿಲ್ಪಗಳಿಗೆ ಈ ಕಟ್ಟು ಇಲ್ಲ, ಸುತ್ತಲೂ ನಡೆದು ಬೆಳಕು ಬಿದ್ದ ಕಡೆ ನಿಲ್ಲಬಹುದು. ಆದ್ದರಿಂದ ಬೆಳಿಗ್ಗೆ ಬಯಲಿನಲ್ಲಿ ನಡಿಗೆ, ಬಿಸಿಲೇರಿದಾಗ ವಸ್ತುಸಂಗ್ರಹಾಲಯದ ಒಳಗೆ, ಊಟದ ನಂತರ ಗುಡಿ. ಇಡೀ ದಿನ ಹಳೇಬೀಡಿಗೇ ಸಾಕಾಗದು. ಆದರೂ ಬೇಲೂರು, ಹಳೇಬೀಡು, ಶ್ರವಣಬೆಳಗೊಳ ಮೂರನ್ನೂ ಒಂದೇ ದಿನಕ್ಕೆ ತುರುಕುವ ಪ್ರವಾಸಗಳೇ ಹೆಚ್ಚು. ಬೇಲೂರಿಗೂ ಹಳೇಬೀಡಿಗೂ ನಡುವೆ ಇರುವುದು ಸುಮಾರು 16 ಕಿ.ಮೀ. ಮಾತ್ರ ಎಂಬುದೇ ಈ ಅವಸರಕ್ಕೆ ನೆಪವಾಗಿದೆ.

ಇನ್ನೊಂದು ಮಾತು ನೋವಿನಿಂದ ಬರೆಯುತ್ತಿದ್ದೇನೆ. ಇತ್ತೀಚೆಗೆ ಹೊಯ್ಸಳ ಶಿಲ್ಪಗಳಲ್ಲಿ ರಾಕೆಟ್ ಇದೆ, ದೂರದರ್ಶಕ ಇದೆ, ಯಂತ್ರದಿಂದಲೇ ಇವನ್ನು ಕೊರೆದರು ಎಂದು ಹೇಳುವ ವಿಡಿಯೋಗಳು ಹರಿದಾಡುತ್ತಿವೆ. ಪ್ರವಾಸಿಗರು ಅದನ್ನೇ ಕೇಳುತ್ತಾರೆಂದು ಕೆಲವು ಗೈಡ್‌ಗಳೂ ಅದನ್ನೇ ಹೇಳುತ್ತಾರೆ. ಬೇಲೂರಿನಲ್ಲಿ ಬಳ್ಳಿಗಾವೆಯ ದಾಸೋಜ ಮತ್ತು ಅವನ ಮಗ ಚಾವಣ ಶಿಲ್ಪದ ಕೆಳಗೆ ತಮ್ಮ ಹೆಸರು ಕೆತ್ತಿದ್ದಾರೆ. ಸೋಮನಾಥಪುರದಲ್ಲಿ ಮಲ್ಲಿತಮ್ಮ ಕೆತ್ತಿದ್ದಾನೆ. ಊರು, ತಂದೆ, ಮಗ, ಹೆಸರು ಎಲ್ಲವೂ ಕಣ್ಣೆದುರಿಗಿದ್ದಾಗ ಅವರ ಕೈಕೆಲಸವನ್ನು ಕಾಣದ ಯಂತ್ರಕ್ಕೆ ಒಪ್ಪಿಸುವುದು ಅವರಿಗೆ ಮಾಡುವ ಅನ್ಯಾಯ. ಬಯಲಿನ ಶಿಲ್ಪಗಳ ಒರಟು ಬೆನ್ನನ್ನು ಒಮ್ಮೆ ನೋಡಿದ ಮಗು ಇಂಥ ಕಥೆಯನ್ನು ನಂಬುವುದಿಲ್ಲ.

2023ರ ಸೆಪ್ಟೆಂಬರ್‌ನಲ್ಲಿ ಬೇಲೂರು, ಹಳೇಬೀಡು, ಸೋಮನಾಥಪುರದ ಗುಡಿಗಳು ಯುನೆಸ್ಕೋದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದವು. ಸಂತೋಷಪಟ್ಟೆವು, ಪಟಾಕಿ ಹೊಡೆದೆವು. ಆ ಹೆಮ್ಮೆಗೆ ತಕ್ಕಂತೆ ವಾರದ ರಜಾದಿನಗಳಲ್ಲಾದರೂ ನಿಗದಿತ ಸಮಯಕ್ಕೆ, ಕನ್ನಡದಲ್ಲಿ, ಇಪ್ಪತ್ತು ಜನ ಮೀರದ ಗುಂಪಿಗೆ ಬಯಲಿನ ಶಿಲ್ಪಗಳ ನಡಿಗೆ ನಡೆಯಲಿ. ಆರಂಭದಲ್ಲೇ ಒಂದು ಹಸಿ ಬಳಪದ ಕಲ್ಲು, ಒಂದು ಉಳಿ, ಒಂದು ಸುತ್ತಿಗೆ ಇಟ್ಟು ಮಕ್ಕಳಿಂದ ಒಂದೆರಡು ಏಟು ಹಾಕಿಸಲಿ. ಹಳೆಯ ಶಿಲ್ಪವನ್ನು ಮುಟ್ಟಬೇಡಿ ಎಂಬ ಮಾತಿಗೆ ಆಗ ಅರ್ಥ ಬರುತ್ತದೆ. ಕಣ್ಣು ಕಾಣದವರಿಗೂ ಅದೇ ಕಲ್ಲು ಶಿಲ್ಪದ ಪರಿಚಯ ಮಾಡಿಸುತ್ತದೆ.

ಪ್ರವಾಸಿಗರಲ್ಲಿ ನನ್ನ ಬೇಡಿಕೆ, ಗೈಡ್ ಹೇಳಿದ ದರಕ್ಕೆ ತರಕಾರಿ ಸಂತೆಯ ಚೌಕಾಸಿ ಮಾಡಬೇಡಿ. ಅವಸರಪಡಿಸಿದರೆ ಅವರು ಇಪ್ಪತ್ತು ನಿಮಿಷದ ಕಥೆ ಹೇಳಿ ಕಳುಹಿಸುತ್ತಾರೆ, ನಿಂತು ಕೇಳಿದರೆ ಅವರ ಬಳಿ ಎಷ್ಟೋ ಇದೆ. ನಮ್ಮ ಗೈಡ್ ಬಿಸಿಲಿನಲ್ಲಿ ಗಂಟೆಗಟ್ಟಲೆ ನಿಂತು ಮಾತನಾಡಿದರು, ನಡುವೆ ಒಮ್ಮೆಯೂ ಗಡಿಯಾರ ನೋಡಲಿಲ್ಲ.

ಶಾಲಾ ಪ್ರವಾಸಗಳು ಶುರುವಾಗುವ ಕಾಲ ಹತ್ತಿರ ಬಂತು. ಮುಖ್ಯೋಪಾಧ್ಯಾಯರು ದಿನ ಗೊತ್ತುಮಾಡುವಾಗ ಶುಕ್ರವಾರವನ್ನು ಬಿಡಲಿ, ಅಂದು ವಸ್ತುಸಂಗ್ರಹಾಲಯಕ್ಕೆ ರಜೆ. ಮಕ್ಕಳ ಕೈಯಲ್ಲಿ ಒಂದು ಚಿತ್ರದ ಪುಸ್ತಕ, ಒಂದು ಪೆನ್ಸಿಲ್ ಇರಲಿ. ಬಯಲಿನಲ್ಲಿ ಒಂದೇ ಒಂದು ಶಿಲ್ಪದ ಎದುರು ಕುಳಿತು ಬಿಡಿಸಲು ಅರ್ಧ ಗಂಟೆ ಕೊಡಿ. ಹಾಸನ, ಬೇಲೂರು, ಅರಸೀಕೆರೆ ತಾಲ್ಲೂಕುಗಳ ಯಾವುದೇ ಸರ್ಕಾರಿ ಶಾಲೆ ಬಯಸಿದರೆ ಆ ಅರ್ಧ ಗಂಟೆ ಮಕ್ಕಳ ಜೊತೆ ಕೂರಲು ನಾನು ನನ್ನ ಖರ್ಚಿನಲ್ಲೇ ಬರುತ್ತೇನೆ. ನನ್ನ ವಿಳಾಸ ನಿಮ್ಮ ಕಚೇರಿಯಲ್ಲಿದೆ, ಕೇಳಿದವರಿಗೆ ದಯವಿಟ್ಟು ಕೊಡಿ.

ಇಂತಿ ನಿಮ್ಮ ಓದುಗಾರ್ತಿ,
ನಿವೃತ್ತ ಚಿತ್ರಕಲಾ ಶಿಕ್ಷಕಿ, ಹಾಸನ