ನಾಯಕನ ಕೈ ತೊಳೆಯಬೇಡ

ಪ್ರಿಯ ತಮ್ಮ,

1631ರಲ್ಲಿ, ಮೂವತ್ತು ವರ್ಷಗಳ ಯುದ್ಧದ ನಡುವೆ ಸುಟ್ಟುಹೋದ ಜರ್ಮನಿಯ ಮಾಗ್ಡೆಬರ್ಗ್ ಊರಿನ ಮೇಲೆ ನೀನು ಬರೆದ ವಿಡಿಯೋ ಗೇಮಿನ ಸ್ಕ್ರಿಪ್ಟ್ ತಲುಪಿತು. ಅದರ ಮೇಲಿಟ್ಟಿದ್ದ ಕಾಗದವನ್ನು ಮೊದಲು ಓದಿದೆ. ಅಷ್ಟೊಂದು ನಿರಾಸೆ ತುಂಬಿಕೊಂಡ ಕಾಗದ ಓದಿದ ಮೇಲೆ ಸ್ಕ್ರಿಪ್ಟಿನ ಮೇಲೆ ರೇಗುವುದಕ್ಕೆ ಮನಸ್ಸು ಬರುವುದಿಲ್ಲ. ಆದರೂ ಮೂರನೇ ಹಂತಕ್ಕೆ ಬರುವ ಹೊತ್ತಿಗೆ ರೇಗಿಯೇಬಿಟ್ಟೆ.

ನೀನು ತೋರಿಸಿದ ಸ್ಟುಡಿಯೋದವರು "ಜರ್ಮನಿ ಅಂದಮೇಲೆ ನಾಜಿಗಳಿರಬೇಕಲ್ಲಪ್ಪ, 1631 ಯಾರಿಗೆ ಬೇಕು" ಅಂದರಂತೆ. ಅಷ್ಟಕ್ಕೇ "ಇನ್ನು ಬರೆಯುವುದೇ ಬೇಡ ಅನ್ನಿಸಿದೆ ಸರ್" ಎಂದು ಬರೆದಿದ್ದೀಯ. ಬರೆಯುವುದು ಬೇಡ ಅನ್ನಿಸುವುದಕ್ಕೆ ಇದಕ್ಕಿಂತ ಒಳ್ಳೆಯ ಕಾರಣಗಳಿವೆ, ಮುಂದೆ ಒಂದೊಂದಾಗಿ ಸಿಗುತ್ತವೆ, ಗಾಬರಿಯಾಗಬೇಡ. ಹದಿನಾರನೇ ಶತಮಾನದ ಬವೇರಿಯಾ, ಒಂದು ಮಠ, ಒಂದು ಹಳ್ಳಿ, ಊರೂರು ಅಲೆಯುವ ಒಬ್ಬ ಚಿತ್ರಕಾರ, ಇಷ್ಟನ್ನೇ ಇಟ್ಟುಕೊಂಡು 2022ರಲ್ಲಿ 'ಪೆಂಟಿಮೆಂಟ್' ಬಂತು. ಜನ ಆಡಿದರು. ಆ ಸ್ಟುಡಿಯೋದವರ ಮಾತಿಗೆ ಇಷ್ಟು ಉತ್ತರ ಸಾಕು.

ಎಷ್ಟು ಮಿಷನ್ ಇರಬೇಕು, ಕಟ್‌ಸೀನ್ ಎಷ್ಟುದ್ದ ಇರಬೇಕು, ಸಂಭಾಷಣೆಯನ್ನು ಎಕ್ಸೆಲ್‌ನಲ್ಲಿ ಬರೆಯಬೇಕೋ ಬೇರೆ ಯಾವುದರಲ್ಲೋ ಅಂತೆಲ್ಲ ಕೇಳಿದ್ದೀಯ. ಅದನ್ನು ನಿನ್ನ ಓರಗೆಯವರನ್ನು ಕೇಳಿಕೋ. ಮೊಮ್ಮಗ ಆಡುವಾಗ ಹಿಂದೆ ಕುರ್ಚಿ ಎಳೆದುಕೊಂಡು ಕೂತು ನೋಡುವವನು ನಾನು. ನನಗೆ ಗೊತ್ತಿರುವುದು ಒಂದೇ ವಿಷಯ, ನಲವತ್ತು ವರ್ಷದಿಂದ ಅದನ್ನೇ ಹೇಳಿಕೊಂಡು ಬಂದಿದ್ದೇನೆ, ಸಭೆಗಳಲ್ಲಿ ಜನ ಆಕಳಿಸುತ್ತಾರೆ. ನೀನೂ ಬೇಕಾದರೆ ಆಕಳಿಸು.

ಜರ್ಮನಿ ಈ ಆಟಗಳ ಕೈಗೆ ಸಿಕ್ಕಿದ್ದು ಹೇಗೆ ನೋಡು. 1981ರಲ್ಲಿ ಆಪಲ್ ಕಂಪ್ಯೂಟರಿಗೆ 'ಕಾಸಲ್ ವುಲ್ಫೆನ್‌ಸ್ಟೈನ್' ಬಂತು, ನಾಜಿಗಳ ಕೋಟೆಯಿಂದ ಕೈದಿಯೊಬ್ಬ ತಪ್ಪಿಸಿಕೊಳ್ಳುವ ಆಟ. 1992ರಲ್ಲಿ ಅದೇ ಹೆಸರು ಹೊತ್ತು 'ವುಲ್ಫೆನ್‌ಸ್ಟೈನ್ 3ಡಿ' ಬಂದು ಜಗತ್ತೆಲ್ಲ ಆಡಿತು. ಕಾರಿಡಾರು, ಬಾಗಿಲು, ಬಾಗಿಲ ಹಿಂದೊಬ್ಬ ಸೈನಿಕ, ಢಂ. ಕೊಂದರೆ ಪಾಪ ಬರದ ಶತ್ರು ಸಿಕ್ಕಿಬಿಟ್ಟಿದ್ದ. ಅವನ ಊರು ಯಾವುದು, ದಂಡಿಗೆ ಯಾಕೆ ಸೇರಿದ ಎಂದು ಆಡುವವನು ಕೇಳಬೇಕಾಗಿರಲಿಲ್ಲ. ನಾಜಿಗಳು ಮಾಡಿದ್ದನ್ನು ನೋಡಿದರೆ ಕೇಳಬೇಕಾದ್ದೂ ಇಲ್ಲ, ಅದು ಬೇರೆ ಮಾತು. ಆದರೆ ಮುಂದಿನ ಮೂವತ್ತು ವರ್ಷ ಅದೇ ಸಲೀಸು ಎಲ್ಲರಿಗೂ ಚಟವಾಯಿತು.

ಜರ್ಮನಿಯವರ ಪಾಡು ಇನ್ನೊಂದು. ನಾಜಿ ಚಿಹ್ನೆಗಳ ಮೇಲಿನ ಕಾನೂನಿನಿಂದಾಗಿ 1994ರಲ್ಲಿ ಆ ಆಟವನ್ನು ಅಲ್ಲಿ ಮುಟ್ಟುಗೋಲು ಹಾಕಿದರು. ಸಿನಿಮಾದಲ್ಲಿ ತೋರಿಸಿದರೆ ಕಲೆ, ಆಟದಲ್ಲಿ ತೋರಿಸಿದರೆ ಅಪರಾಧ ಎನ್ನುವಂತೆ ಬಹಳ ವರ್ಷ ನಡೆಯಿತು. 2017ರಲ್ಲಿ ಅದೇ ಸರಣಿಯ ಹೊಸ ಆಟ ಬಂದಾಗ ಜರ್ಮನ್ ಆವೃತ್ತಿಯಲ್ಲಿ ಹಿಟ್ಲರನ ಮೀಸೆ ಬೋಳಿಸಿದ್ದರು! ಮೊಮ್ಮಗ ಆ ಚಿತ್ರ ತೋರಿಸಿದಾಗ ಕೆಮ್ಮು ಬರುವಷ್ಟು ನಕ್ಕೆ. 2018ರ ಆಗಸ್ಟ್‌ನಲ್ಲಿ ನಿಯಮ ಸಡಿಲವಾಯಿತು, ಒಂದೊಂದು ಆಟವನ್ನೂ ಪ್ರತ್ಯೇಕವಾಗಿ ನೋಡಿ ತೀರ್ಮಾನಿಸುತ್ತೇವೆ ಎಂದರು. ಆಮೇಲೆ 2020ರಲ್ಲಿ ಬರ್ಲಿನ್ನಿನ ಒಂದು ಪುಟ್ಟ ಸ್ಟುಡಿಯೋ 'ಥ್ರೂ ದ ಡಾರ್ಕೆಸ್ಟ್ ಆಫ್ ಟೈಮ್ಸ್' ಎಂಬ ಆಟ ತಂದಿತು. ಅದರಲ್ಲಿ ನೀನು ಹಿಟ್ಲರನ ವಿರುದ್ಧ ಗುಟ್ಟಾಗಿ ಕೆಲಸ ಮಾಡುವ ಬರ್ಲಿನ್ನಿನ ಸಾಧಾರಣ ಜನ. ಕರಪತ್ರ ಹಂಚಬಹುದು, ಗೋಡೆ ಮೇಲೆ ಬರೆಯಬಹುದು, ಜೊತೆಗಾರ ಸಿಕ್ಕಿಬಿದ್ದರೆ ಹೆದರಬಹುದು. ಹಿಟ್ಲರನನ್ನು ಇಳಿಸುವುದು ನಿನ್ನ ಕೈಲಾಗದು. ಆ ಊರಿನವರೇ ಮಾಡಿದ್ದರಿಂದ ಆ ಆಟ ತನ್ನ ಮರ್ಯಾದೆ ಕಾಪಾಡಿಕೊಂಡಿದೆ ಎಂದು ನನಗನ್ನಿಸುತ್ತದೆ.

ಈಗ ನಿನ್ನದಕ್ಕೆ ಬರೋಣ. ಮಾಗ್ಡೆಬರ್ಗಿನಲ್ಲಿ ಎಂಎಸ್ ಓದುತ್ತಾ, ನಾವೆಲ್ಲ ಹೈಸ್ಕೂಲಿನಲ್ಲಿ ಅರ್ಧಗೋಳದ ಪ್ರಯೋಗಕ್ಕೆ ಬಾಯಿಪಾಠ ಮಾಡಿದ ಆಟೋ ಫಾನ್ ಗೆರಿಕೆಯ ಹೆಸರಿನ ಯೂನಿವರ್ಸಿಟಿಯಲ್ಲಿ ಕೂತು, ಆ ಊರು ಸುಟ್ಟುಹೋದ ದಿನದ ಮೇಲೆ ಆಟ ಬರೆಯಬೇಕು ಎಂದು ನಿನಗೆ ಹೊಳೆಯಿತಲ್ಲ, ಅದಕ್ಕೆ ಬೆನ್ನು ತಟ್ಟುತ್ತೇನೆ. ಗೆರಿಕೆ ಆವತ್ತು ಊರಲ್ಲೇ ಇದ್ದ, ನಗರ ಸಭೆಯ ಸದಸ್ಯನಾಗಿದ್ದ, ಬದುಕಿ ಉಳಿದ, ಮುಂದೆ ಮೇಯರ್ ಆದ ಎನ್ನುವುದನ್ನು ನಮ್ಮ ಮೇಷ್ಟ್ರು ಹೇಳಿರಲಿಲ್ಲ. ನೀನು ಅವನನ್ನು ಏಳನೇ ಹಂತದಲ್ಲಿ ತಂದಿದ್ದೀಯ, ಚೆನ್ನಾಗಿದೆ. ಸಭೆಯವರು ಶರಣಾಗುವ ಮಾತಾಡುತ್ತಾ ಕೂತಿದ್ದಾಗಲೇ, ಮುತ್ತಿಗೆ ಹಾಕಿದ್ದ ಚಕ್ರವರ್ತಿಯ ದಂಡಿನ ಸೇನಾನಿ ಪಾಪೆನ್‌ಹೈಮನ ಪಡೆ ಗೋಡೆ ಹತ್ತಿತು ಎನ್ನುವುದನ್ನೂ ಸರಿಯಾಗಿ ಹಿಡಿದಿದ್ದೀಯ. ಮುತ್ತಿಗೆ ಹಾಕಿದವರ ಕ್ಯಾಲೆಂಡರಿನಲ್ಲಿ ಅದು ಮೇ 20, ಊರಿನವರ ಕ್ಯಾಲೆಂಡರಿನಲ್ಲಿ ಮೇ 10. ಇದನ್ನು ಎಲ್ಲಾದರೂ ಬಳಸಿಕೋ, ಒಂದೇ ಗೋಡೆಯ ಎರಡು ಕಡೆ ಎರಡು ತಾರೀಕು.

ಆದರೆ ನಾಯಕ? ಅಚ್ಚುಕೂಟದ ಹುಡುಗ. ತಂಗಿಯನ್ನು ಚಕ್ರವರ್ತಿಯ ದಂಡಿನ ಮುಖ್ಯಸ್ಥ ಟಿಲ್ಲಿಯ ಸೈನಿಕರು ಕೊಲ್ಲುತ್ತಾರೆ. ಸೇಡು. ಹನ್ನೊಂದು ಹಂತದಲ್ಲಿ ನೂರಾರು ಜನರನ್ನು ಉರುಳಿಸುತ್ತಾನೆ. ಉರುಳಿದವರಿಗೆಲ್ಲ ಒಂದೇ ಮುಖ, ಒಂದೇ ಕೆಂಪು ಕೋಟು. ನಾಜಿಯ ತೋಳುಪಟ್ಟಿ ಬಿಚ್ಚಿ ಟಿಲ್ಲಿಯ ದಂಡಿನವನ ಟೋಪಿ ಹಾಕಿದ್ದೀಯ, ಅಷ್ಟೇ ವ್ಯತ್ಯಾಸ. ನಿನಗೆ ಬೇಡ ಎಂದ ಆ ಸ್ಟುಡಿಯೋದವರೂ ನೀನೂ ಒಂದೇ ಆಟ ಬರೆಯುತ್ತಿದ್ದೀರಿ.

ಆ ದಂಡಿನಲ್ಲಿದ್ದ ಒಬ್ಬ ಸಿಪಾಯಿಯ ದಿನಚರಿ ಉಳಿದಿದೆ. ಬರ್ಲಿನ್ನಿನ ಗ್ರಂಥಾಲಯದಲ್ಲಿ ಸಿಕ್ಕಿ, 1993ರಲ್ಲಿ ಅಚ್ಚಾಯಿತು. ಮೊದಲ ಹಾಳೆಗಳೂ ಕೊನೆಯ ಹಾಳೆಗಳೂ ಇಲ್ಲ, ಬರೆದವನ ಹೆಸರೂ ಇಲ್ಲ. ಮಕ್ಕಳ ಹೆಸರು, ಊರು ಬರೆದುಕೊಂಡಿದ್ದನಲ್ಲ, ಚರ್ಚಿನ ದಾಖಲೆ ಹುಡುಕಿ ಪೀಟರ್ ಹಾಗೆನ್‌ಡಾರ್ಫ್ ಎಂದು ಗುರುತು ಹಿಡಿದರು. ಇಪ್ಪತ್ತೈದು ವರ್ಷದ ನಡಿಗೆ, 20,000 ಕಿಲೋಮೀಟರಿಗೂ ಹೆಚ್ಚು. ನಿನ್ನ ಯೂನಿವರ್ಸಿಟಿಯ ಲೈಬ್ರರಿಯಲ್ಲಿ ಇಲ್ಲದಿರಲು ಸಾಧ್ಯವೇ ಇಲ್ಲ. ಹೋಗಿ ತೆಗೆ.

ಮಾಗ್ಡೆಬರ್ಗಿಗೆ ಲಗ್ಗೆ ಹಾಕಿದವರಲ್ಲಿ ಅವನೂ ಇದ್ದ. ಊರೊಳಗೆ ಕಾಲಿಟ್ಟಿದ್ದೇ ತಡ, ಒಂದು ಗುಂಡು ಹೊಟ್ಟೆಯನ್ನು ಹಾಯ್ದಿತು, ಇನ್ನೊಂದು ಎರಡೂ ಹೆಗಲನ್ನು ದಾಟಿ ಅಂಗಿಯಲ್ಲೇ ನಿಂತಿತು. ನನಗೆ ಸಿಕ್ಕ ಲೂಟಿ ಇದೇ ಎಂದು ಬರೆದುಕೊಳ್ಳುತ್ತಾನೆ. ದಂಡಿನ ವೈದ್ಯ ಕೈಗಳನ್ನು ಬೆನ್ನ ಹಿಂದೆ ಕಟ್ಟಿ ಗಾಯಕ್ಕೆ ಉಳಿ ಹಾಕಿದ. ಅರೆಜೀವವಾಗಿ ಬಿಡಾರಕ್ಕೆ ಬಂದು ಬಿದ್ದ. ಪಕ್ಕದಲ್ಲಿ ಕಾಯಿಲೆ ಬಿದ್ದ ಮಗು. ಇವನಿಗೆ ಲೂಟಿಗೆ ಹೋಗಲಾಗುವುದಿಲ್ಲ, ಹಾಗಾಗಿ ಹೆಂಡತಿ ಹೋದಳು, ಉರಿಯುವ ಊರಿನೊಳಕ್ಕೆ, ಗಾಯಕ್ಕೆ ಕಟ್ಟಲು ಬಟ್ಟೆ, ಮಲಗಲು ಹಾಸಿಗೆ ತರುತ್ತೇನೆಂದು. ಮನೆಗಳೆಲ್ಲ ಕುಸಿಯುತ್ತಿವೆ, ಒಳಗೆ ಹೋದ ಹೆಂಗಸರು ಬರುವುದಿಲ್ಲ ಎಂದು ದಂಡಿನಲ್ಲಿ ಕೂಗೆದ್ದಿತು. ತನ್ನ ಗಾಯಕ್ಕಿಂತ ಅವಳ ಚಿಂತೆಯೇ ಅವನಿಗೆ ಹೆಚ್ಚಾಯಿತು. ಅವಳು ಬಂದಳು. ಜೊತೆಗೊಬ್ಬ ಮುದುಕಿ, ಹಾಸಿಗೆ ಹೊತ್ತು ತರಲು ಕೈಜೋಡಿಸಿದ್ದಳು. ದೊಡ್ಡ ಹೂಜಿಯ ತುಂಬ ವೈನು, ಎರಡು ಬೆಳ್ಳಿಯ ಡಾಬು, ಬಟ್ಟೆಬರೆ. ಮುಂದೆ ಹಾಲ್ಬರ್‌ಸ್ಟಾಟ್‌ನಲ್ಲಿ ಅವನ್ನು 12 ಟಾಲರಿಗೆ, ಅಂದರೆ ಆಗಿನ ಬೆಳ್ಳಿ ನಾಣ್ಯಕ್ಕೆ, ಮಾರಿದ. ಸಂಜೆ ಜೊತೆಗಾರರು ಬಂದು ಒಬ್ಬೊಬ್ಬರೂ ಒಂದು ಟಾಲರು, ಅರ್ಧ ಟಾಲರು ಕೈಗಿಟ್ಟು ಹೋದರು. ಇಷ್ಟು ಬರೆದವನೇ, ಅಂಥ ಚೆಂದದ ಊರು ಸುಟ್ಟುಹೋಯಿತಲ್ಲ, ನನ್ನ ನಾಡಿನದೇ ಊರು ಎಂದು ಮರುಗುತ್ತಾನೆ.

ಓದಿದೆಯಾ? ನಿನ್ನ ಅಚ್ಚುಕೂಟದ ಹುಡುಗ ಮೂರನೇ ಹಂತದಲ್ಲಿ ಆರ್2 ಗುಂಡಿ ಒತ್ತಿ ಕೊಂದದ್ದು ಇವನನ್ನು.

ಇವನು ಒಳ್ಳೆಯವನು, ಪಾಪ, ಎಂದು ಹೇಳುವುದಕ್ಕೆ ಇದನ್ನೆಲ್ಲ ಬರೆಯುತ್ತಿಲ್ಲ. ಮುಂದೆ ಓದು. 1633ರಲ್ಲಿ ಎದುರು ಪಕ್ಷದ ಸ್ವೀಡನ್ನಿನವರಿಗೆ ಸೆರೆ ಸಿಕ್ಕ, ಅವರ ದಂಡಿಗೇ ಸೇರಿದ. 1634ರಲ್ಲಿ ಆ ದಂಡಿನ ಜೊತೆ ಬವೇರಿಯಾದ ಲಾಂಡ್ಸ್‌ಹೂಟ್ ಊರಿಗೆ ನುಗ್ಗಿದಾಗ ಸಿಕ್ಕ ಲೂಟಿಯ ಪಟ್ಟಿಯಲ್ಲಿ ಒಬ್ಬ ಚೆಂದದ ಹುಡುಗಿ, 12 ಟಾಲರು ಹಣ, ಬಟ್ಟೆಬರೆ ಎಲ್ಲವೂ ಒಂದೇ ಉಸಿರಿನಲ್ಲಿ ಬರುತ್ತವೆ. ದಂಡು ಹೊರಟಾಗ ಹುಡುಗಿಯನ್ನು ವಾಪಸು ಕಳಿಸಿದೆ ಎನ್ನುತ್ತಾನೆ. ಮುಗಿಯಿತು, ಮುಂದಿನ ಊರು. ಅದೇ ವರ್ಷ ನೋರ್ಡ್‌ಲಿಂಗೆನ್ ಕಾಳಗವಾದ ಮೇಲೆ ಮತ್ತೆ ತನ್ನ ಹಳೇ ರೆಜಿಮೆಂಟಿಗೆ. ಸತ್ತ ಮಕ್ಕಳ ಹೆಸರಿನ ಪಕ್ಕ ಶಿಲುಬೆ ಗುರುತು ಹಾಕಿ, ದೇವರು ಇವರನ್ನು ನಗುನಗುತ್ತಾ ಎಬ್ಬಿಸಲಿ ಎಂದು ಬರೆಯುವವನೂ ಇವನೇ. ಉಳಿದೊಬ್ಬ ಮಗ ನಾಲ್ಕಕ್ಷರ ಕಲಿಯಲಿ ಎಂದು ಒಬ್ಬ ಮೇಷ್ಟ್ರ ಮನೆಯಲ್ಲಿ ಬಿಟ್ಟವನೂ ಇವನೇ.

ಇಂಥವನನ್ನು ಆಡುವವನ ಕೈಗೆ ಕೊಡು. ಕೊಡುವ ಧೈರ್ಯ ಮಾಡು ಎನ್ನುವುದೇ ನನ್ನ ತಕರಾರು. ಅವನ ಕೈ ತೊಳೆದು ಕೊಡಬೇಡ. ಹಾಗೆಂದು ಲಾಂಡ್ಸ್‌ಹೂಟಿನ ಹುಡುಗಿಯನ್ನು ತೆರೆಯ ಮೇಲೆ ತಂದು ಚಪ್ಪರಿಸಬೇಡ. ಅವಳು ಆ ಪಟ್ಟಿಯಲ್ಲಿ ಇದ್ದಳು ಎನ್ನುವುದನ್ನು ಮುಚ್ಚಲೂಬೇಡ. ಈ ಗೆರೆ ಎಲ್ಲಿದೆ ಎಂದು ನಾನು ಹೇಳಲಾರೆ, ಪುಟಪುಟಕ್ಕೂ ನೀನೇ ಹುಡುಕಬೇಕು.

ನನಗೆ ಈ ವಿಷಯದಲ್ಲಿ ಹಳೆಯ ಉರಿ ಇದೆ. ನನ್ನ ಮೊದಲ ಐತಿಹಾಸಿಕ ಕಾದಂಬರಿ ಒಂದು ವಾರಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬರುತ್ತಿತ್ತು. ಕೋಟೆ ಕಾಯುವ ಸಿಪಾಯಿಗಳು ಹಸಿವಿಗೆ ತಮ್ಮದೇ ಪಾಳೆಯದ ಹಳ್ಳಿಯೊಂದರ ಕಣಜಕ್ಕೆ ನುಗ್ಗುವ ಅಧ್ಯಾಯ ಒಂದಿತ್ತು. ಸಂಪಾದಕರು ನನಗೊಂದು ಮಾತು ಹೇಳದೆ ಅದನ್ನು ಕಿತ್ತುಹಾಕಿದರು. ಕೇಳಿದ್ದಕ್ಕೆ, ನಮ್ಮ ವೀರರು ಹಾಗೆ ಮಾಡಿದರು ಅಂದರೆ ಓದುಗರಿಗೆ ನೋವಾಗುತ್ತದೆ ಅಂದರು. ಆಮೇಲೆ ಕಾದಂಬರಿಗೆ ಹಾರ ಬಿತ್ತು, ಶಾಲು ಬಿತ್ತು. ಬಂದ ಹೊಗಳಿಕೆಯಲ್ಲಿ ಮುಕ್ಕಾಲು ಪಾಲು ಆ ಅಧ್ಯಾಯ ಇಲ್ಲದಿದ್ದುದಕ್ಕೆ ಬಂದದ್ದು. ಅವರು ತೀರಿಕೊಂಡು ಎಷ್ಟೋ ವರ್ಷವಾಯಿತು, ಕ್ಷಮಿಸಿಲ್ಲ. ನಿನ್ನ ವಿಷಯದಲ್ಲಿ ಆ ಕೆಲಸವನ್ನು ಯಾರೂ ಮಾಡಬೇಕಾಗಿಲ್ಲ, ನೀನೇ ಮಾಡಿ ಕಳಿಸಿದ್ದೀಯ. ಅದಕ್ಕೇ ರೇಗಿತು.

ಆಟದಲ್ಲಿ ಇದು ನಡೆಯುವುದಿಲ್ಲ, ಆಕ್ಷನ್ ಬೇಕು ಎನ್ನುತ್ತೀಯ. ಯಾಕೆ ನಡೆಯುವುದಿಲ್ಲ? ಆ ಕಾಲದ ಬತ್ತಿಕೋವಿಯಲ್ಲಿ ನಿಮಿಷಕ್ಕೊಂದು ಗುಂಡು ಹಾರಿಸಿದರೆ ಹೆಚ್ಚು. ಮದ್ದು ಸುರಿದು, ಗುಂಡು ಹಾಕಿ, ಗಜದಿಂದ ಗಿಡಿದು, ಕವಲುಕೋಲಿನ ಮೇಲೆ ನಳಿಗೆ ಊರಿ, ಉರಿಯುವ ಬತ್ತಿಯ ತುದಿ ಊದಬೇಕು. ಎದುರಿನವನು ಓಡಿ ಬರುತ್ತಿರುತ್ತಾನೆ. ಇದಕ್ಕಿಂತ ಆಕ್ಷನ್ ಏನು ಬೇಕು ನಿನಗೆ? ನೀನು ಕೊಟ್ಟಿರುವ ಕೋವಿ ಮೆಷಿನ್‌ಗನ್ನಿನ ಹಾಗೆ ಉಗುಳುತ್ತದೆ. ಸಮವಸ್ತ್ರವಂತೂ ಆಗ ಇರಲೇ ಇಲ್ಲ ಎನ್ನಬೇಕು. ಅದೇ ವರ್ಷ ಸೆಪ್ಟೆಂಬರ್ 17ರಂದು ಬ್ರೈಟನ್‌ಫೆಲ್ಡಿನಲ್ಲಿ ಸ್ವೀಡನ್ ಕಡೆಯವರು ಗುರುತಿಗೆಂದು ಟೋಪಿಗೆ ಹಸಿರು ಸೊಪ್ಪು ಸಿಕ್ಕಿಸಿಕೊಂಡರು, ಚಕ್ರವರ್ತಿಯ ಕಡೆಯವರು ಬಿಳಿ ಪಟ್ಟಿ ಕಟ್ಟಿಕೊಂಡರು. ಹೊಗೆ ಮುಚ್ಚಿದ ಮೈದಾನದಲ್ಲಿ ಸೊಪ್ಪು ಉದುರಿಹೋದವನು ಯಾರ ಕಡೆಯವನು? ಕೂಗಿನಿಂದ ಗುರುತಿಸಬೇಕು, ಆ ಕಡೆ 'ಗಾಟ್ ಮಿಟ್ ಉನ್ಸ್' (ದೇವರು ನಮ್ಮೊಂದಿಗಿದ್ದಾನೆ), ಈ ಕಡೆ 'ಯೇಸು ಮರಿಯ'. ತಪ್ಪು ಕೂಗಿದರೆ ಸಾವು. ಇಂಥದು ಕೈಯಳತೆಯಲ್ಲಿ ಬಿದ್ದಿರುವಾಗ ಎಲ್ಲರಿಗೂ ಕೆಂಪು ಕೋಟು ಹೊಲಿಸಲು ಹೋಗಿದ್ದೀಯಲ್ಲ ಮಾರಾಯ!

ಇನ್ನು ಹೊಟ್ಟೆ. ದಂಡು ತಿನ್ನುತ್ತಿದ್ದುದು ತಾನು ನಿಂತ ನೆಲವನ್ನೇ. ಸಂಬಳ ಬಂದರೆ ಬಂತು. ನಿನ್ನ ಆಟದಲ್ಲಿ ಮುಗಿಯುವುದು ಗುಂಡು ಮಾತ್ರ, ರೊಟ್ಟಿ ಮುಗಿಯುವುದೇ ಇಲ್ಲ. ರೊಟ್ಟಿ ಮುಗಿಯಲಿ. ಆಮೇಲೆ ಎದುರಿಗೊಂದು ಹಳ್ಳಿ ಬರಲಿ. ಆಡುವವನು ಏನು ಮಾಡುತ್ತಾನೆ ನೋಡೋಣ.

ನಿನಗಿದು ಬರೆಯಲು ಬರುವುದಿಲ್ಲ ಅಂತಲ್ಲ. ಐದನೇ ಹಂತದಲ್ಲಿ ಬಿಡಾರದ ಒಬ್ಬ ಹೆಂಗಸು ಮಳೆಯಲ್ಲಿ ನೆನೆದ ಕೋವಿಯ ಬತ್ತಿಯನ್ನು ಒಲೆಯ ಮೇಲೆ ಹಗ್ಗ ಕಟ್ಟಿ ಒಣಗಿಸುತ್ತಾಳೆ, ಅದರ ತುದಿ ಗಂಜಿಯ ಪಾತ್ರೆಗೆ ಬೀಳದ ಹಾಗೆ ಒಂದು ಕೈ ಅಡ್ಡ ಹಿಡಿದಿರುತ್ತಾಳೆ. ಇದನ್ನು ಎಲ್ಲಿಂದ ತಂದೆಯೋ ಹುಡುಗ, ಎರಡು ಸಲ ಓದಿದೆ, ಹೆಂಡತಿಗೂ ಓದಿ ಹೇಳಿದೆ. ಮೂರು ಸಾಲಾಗುವಷ್ಟರಲ್ಲಿ ನಿನ್ನ ನಾಯಕ ಡೇರೆ ಹರಿದು ನುಗ್ಗಿ ಎಲ್ಲರನ್ನೂ ಕಡಿದುಹಾಕುತ್ತಾನೆ. ಅವಳು ಏನಾದಳು? ಸ್ಕ್ರಿಪ್ಟಿನಲ್ಲಿ ಇಲ್ಲ. ಅಲ್ಲಿಂದ ಮತ್ತೆ ಶುರು ಮಾಡು. ಅಚ್ಚುಕೂಟದ ಹುಡುಗ ಇರಲಿ, ಬೇಡ ಎನ್ನುವುದಿಲ್ಲ, ಆದರೆ ಅವನು ಅವಳನ್ನು ನೋಡಬೇಕು, ಅವಳು ಅವನನ್ನು ನೋಡಬೇಕು. ಅಚ್ಚುಕೂಟದವನಾದ್ದರಿಂದ ಮುಂದೆ ಅವನಿಗೆ ಬೇರೆ ಕೆಲಸವೂ ಇದೆ: ಆ ಊರು ಸುಟ್ಟ ಮೇಲೆ ಅದರ ಬಗ್ಗೆ ಇನ್ನೂರಕ್ಕೂ ಹೆಚ್ಚು ಕರಪತ್ರಗಳು ಅಚ್ಚಾದವು. ಅವನ್ನು ಓದಿ ಕುದಿದವರು ಮುಂದಿನ ಕಾಳಗಗಳಲ್ಲಿ, ಶರಣು ಎಂದು ಕೈಯೆತ್ತಿದವರಿಗೂ 'ಮಾಗ್ಡೆಬರ್ಗಿನ ಕರುಣೆ' ಎಂದು ಕೂಗಿ ಕತ್ತಿ ಇಳಿಸಿದರು. ಅಚ್ಚಿನ ಮೊಳೆ ಜೋಡಿಸಿದವನ ಕೈಯೂ ಕೈಯೇ.

ಇನ್ನೊಂದು. ಊರಿನ ರಕ್ಷಣೆಗೆ ಸ್ವೀಡನ್ ರಾಜ ಕಳಿಸಿದ್ದ ಫಾಲ್ಕೆನ್‌ಬರ್ಗನಿಗೆ ಹತ್ತನೇ ಹಂತದಲ್ಲಿ, ಊರು ಉರಿಯುತ್ತಿರುವಾಗ, ಒಂದೂವರೆ ಪುಟದ ಭಾಷಣ ಕೊಟ್ಟಿದ್ದೀಯ. ಅವನು ಲಗ್ಗೆಯನ್ನು ತಡೆಯಲು ಓಡಿಹೋಗಿ ಆ ಕಾಳಗದಲ್ಲೇ ಗುಂಡು ತಿಂದು ಸತ್ತ. ಭಾಷಣ ತೆಗೆದುಹಾಕು. ತಿದ್ದಿದ ಐದನೇ ಹಂತವೊಂದನ್ನೇ ಮೊದಲು ಕಳಿಸು, ಉಳಿದದ್ದು ಆಮೇಲೆ. ಪಿಡಿಎಫ್ ಬೇಡ, ಊರಿಗೆ ಬರುವವರ ಕೈಯಲ್ಲಿ ಪ್ರಿಂಟ್ ಕೊಟ್ಟು ಕಳಿಸು, ಅಕ್ಷರ ಸ್ವಲ್ಪ ದೊಡ್ಡದಿರಲಿ.

ಆಶೀರ್ವಾದಗಳೊಂದಿಗೆ,
ನಿನ್ನ ಹಿರಿಯ