ಪುಟ್ಟಿಗೆ, ನಿನ್ನ ಫಾರಂಗಳ ವಿಚಾರ

ಪ್ರೀತಿಯ ಪುಟ್ಟಿಗೆ ದೊಡ್ಡಪ್ಪನ ಆಶೀರ್ವಾದಗಳು.

ನಿನ್ನ ಪತ್ರ ಓದಿದೆ. ಮಾನವ ಹಕ್ಕುಗಳ ಸಂಸ್ಥೆಗೆ ಸೇರಿದರೆ ಏನೋ ದೊಡ್ಡದು ಮಾಡಬಹುದು ಅಂದುಕೊಂಡಿದ್ದೆ, ಈಗ ನೋಡಿದರೆ ಬೆಳಗಿನಿಂದ ಸಂಜೆವರೆಗೆ ಬರೀ ಫಾರಂ ತುಂಬುವುದೇ ಆಗಿದೆ ಅಂತ ಬರೆದಿದ್ದೀಯ. ಯಾರನ್ನು ಹಿಡಿದುಕೊಂಡು ಹೋದರು, ಎಲ್ಲಿಂದ, ಯಾವ ದಿನ, ಕಂಡವರು ಯಾರು. "ಇದರಿಂದ ಯಾವ ಸರ್ಕಾರ ಬೀಳುತ್ತೆ ದೊಡ್ಡಪ್ಪ?" ಅಂತ ಕೇಳಿದ್ದೀಯ.

ಮೂವತ್ತು ವರ್ಷ ರೆಕಾರ್ಡ್ ರೂಮಿನಲ್ಲಿ ಕೂತವನನ್ನು ಇದನ್ನು ಕೇಳಿದರೆ ಏನು ಉತ್ತರ ಬರುತ್ತೆ ಅಂತ ನಿನಗೂ ಗೊತ್ತು. ಆದರೂ ಹೇಳುತ್ತೇನೆ.

ಚಿಲಿ ದೇಶವನ್ನೇ ತಗೋ. 1973ರ ಸೆಪ್ಟೆಂಬರ್ 11ರಂದು ಸೇನಾ ಮುಖ್ಯಸ್ಥ ಪಿನೊಚೆ ಸೇನೆಯ ಬಲದಿಂದ ಅಧಿಕಾರ ಹಿಡಿದ. ಸಂಸತ್ತಿಗೆ ಬೀಗ ಬಿತ್ತು. ಜನ ಕಾಣೆಯಾಗತೊಡಗಿದರು. 1976ರಲ್ಲಿ ಕಾರ್ಡಿನಲ್ ರೌಲ್ ಸಿಲ್ವಾ ಅವರು ಚರ್ಚಿನ ಆಸರೆಯಲ್ಲಿ 'ವಿಕಾರಿಯಾ ದೆ ಲಾ ಸೊಲಿಡಾರಿಡಾಡ್' ಅನ್ನುವ ಕಚೇರಿ ತೆರೆದರು. ಅಲ್ಲಿನ ವಕೀಲರು ಕಾಣೆಯಾದವರ ಪರವಾಗಿ ಸಾವಿರಾರು ಹೇಬಿಯಸ್ ಕಾರ್ಪಸ್ ಅರ್ಜಿ ಹಾಕಿದರು, ಅಂದರೆ ಹಿಡಿದವರನ್ನು ಕೋರ್ಟಿನ ಮುಂದೆ ತನ್ನಿ ಅನ್ನುವ ಅರ್ಜಿ. ಕೋರ್ಟುಗಳು ಹೆಚ್ಚೂಕಡಿಮೆ ಎಲ್ಲವನ್ನೂ ತಳ್ಳಿಹಾಕಿದವು. ಅಲ್ಲಿ ಟೈಪ್ ಮಾಡುತ್ತಾ ಕೂತವರಿಗೂ ನಿನ್ನ ಹಾಗೇ ಅನಿಸಿರಬೇಕು. ಆದರೆ ಕಾಗದ ಫೈಲಿನಲ್ಲಿ ಉಳಿಯಿತು, ನೋಡು. 1978ರಲ್ಲಿ ಲೊಂಕೆನ್ ಅನ್ನುವಲ್ಲಿ ಹಳೆಯ ಸುಣ್ಣದ ಗೂಡುಗಳಲ್ಲಿ 15 ಗಂಡಸರ ಅವಶೇಷ ಸಿಕ್ಕಿತು. ಐದು ವರ್ಷದ ಹಿಂದೆ ಪೊಲೀಸರು ಹಿಡಿದೊಯ್ದಿದ್ದವರು. 1988ರ ಜನಮತ ಸಂಗ್ರಹದಲ್ಲಿ ಸುಮಾರು 56% ಮತ ಪಿನೊಚೆ ವಿರುದ್ಧ ಬಿತ್ತು. 1990ರಲ್ಲಿ ಅವನು ಅಧ್ಯಕ್ಷ ಸ್ಥಾನದಿಂದ ಇಳಿದ. ಆಮೇಲೆ ಸತ್ಯಶೋಧನಾ ಆಯೋಗ ಕೂತಾಗ ಅದಕ್ಕೆ ದೊಡ್ಡ ಆಧಾರವಾದದ್ದು ಇವೇ ಫೈಲುಗಳು.

ಫೈಲು ಸರ್ಕಾರವನ್ನು ಬೀಳಿಸಿತು ಅಂತ ನಾನು ಹೇಳುತ್ತಿಲ್ಲ. ಅಷ್ಟು ಹುಚ್ಚು ನನಗಿಲ್ಲ.

ಪೋಲೆಂಡಿನಲ್ಲಿ 1976ರ ಜೂನ್‌ನಲ್ಲಿ ಬೆಲೆ ಏರಿಕೆ ವಿರುದ್ಧ ಕಾರ್ಮಿಕರು ಬೀದಿಗಿಳಿದರು. ಏಟು ತಿಂದರು, ಕೆಲಸ ಕಳೆದುಕೊಂಡರು. ಸೆಪ್ಟೆಂಬರ್‌ನಲ್ಲಿ 14 ಜನ ಸೇರಿ ಅವರ ನೆರವಿಗೆ ಒಂದು ಸಮಿತಿ ಮಾಡಿದರು. ಅದರ ಹೆಸರು ಕೋರ್. ಗುಟ್ಟಾಗಿ ಅಲ್ಲ, ತಮ್ಮ ಹೆಸರು ವಿಳಾಸ ಎಲ್ಲ ಬರೆದೇ. ಕೆಲಸ ಏನು ಗೊತ್ತಾ? ಚಂದಾ ಎತ್ತಿ ಕಾರ್ಮಿಕರ ಮನೆಗೆ ಮುಟ್ಟಿಸುವುದು, ವಕೀಲರನ್ನು ಹುಡುಕಿಕೊಡುವುದು. ಓದಿದವರಿಗೂ ಕಾರ್ಮಿಕರಿಗೂ ನಂಬಿಕೆ ಬೆಳೆದದ್ದು ಭಾಷಣದಿಂದಲ್ಲ, ಹೀಗೆ ಮನೆಬಾಗಿಲಿಗೆ ಹೋಗಿ ಬಂದದ್ದರಿಂದ. 1980ರ ಆಗಸ್ಟ್‌ನಲ್ಲಿ ಗ್ದಾನ್ಸ್ಕ್ ಹಡಗುಕಟ್ಟೆಯಲ್ಲಿ ಕ್ರೇನ್ ನಡೆಸುತ್ತಿದ್ದ ಅನ್ನಾ ವಾಲೆಂಟಿನೊವಿಚ್ ಅವರನ್ನು ನಿವೃತ್ತಿಗೆ ಕೆಲವೇ ತಿಂಗಳಿರುವಾಗ ಕೆಲಸದಿಂದ ತೆಗೆದರು. ಅವರನ್ನು ವಾಪಸ್ ತಗೊಳ್ಳಿ ಅಂತ ಮುಷ್ಕರ ಶುರುವಾಯಿತು. ಅದರಿಂದ ಹುಟ್ಟಿದ ಸಾಲಿಡಾರಿಟಿ ಸಂಘಕ್ಕೆ ಸುಮಾರು 1 ಕೋಟಿ ಜನ ಸೇರಿದರು. 1981ರ ಡಿಸೆಂಬರ್‌ನಲ್ಲಿ ಸೇನಾ ಕಾನೂನು ಹೇರಿ ಅದನ್ನೂ ತುಳಿದರು. ಕೊನೆಗೆ 1989ರ ಚುನಾವಣೆಯಲ್ಲಿ ಮೇಲ್ಮನೆಯಾದ ಸೆನೆಟ್ಟಿನ 100 ಸ್ಥಾನಗಳಲ್ಲಿ 99 ಸಾಲಿಡಾರಿಟಿಯವರದ್ದಾಯಿತು. 1976ರಿಂದ ಲೆಕ್ಕ ಹಾಕು. ನೀನು ಸೇರಿ ಇನ್ನೂ ಎಂಟು ತಿಂಗಳು.

ಸರ್ಕಾರ ಬಿದ್ದರೂ ಕೆಲಸ ಮುಗಿಯಲ್ಲ. ಸುಡಾನ್‌ನಲ್ಲಿ ಬಡಾವಣೆ ಬಡಾವಣೆಯಲ್ಲೂ ಸಮಿತಿ ಕಟ್ಟಿಕೊಂಡು ಜನ ಬೀದಿಗಿಳಿದರು, 2019ರ ಏಪ್ರಿಲ್‌ನಲ್ಲಿ ಅಧ್ಯಕ್ಷ ಬಶೀರ್ ಬಿದ್ದ. 2021ರಲ್ಲಿ ಸೇನೆ ಮತ್ತೆ ಅಧಿಕಾರ ಕಿತ್ತುಕೊಂಡಿತು. 2023ರಲ್ಲಿ ಯುದ್ಧ. ಸೋತರು ಅಂತ ಬಿಡಬಹುದು. ಆದರೆ ಅದೇ ಸಮಿತಿಗಳಲ್ಲಿ ಪಳಗಿದ ಹುಡುಗ ಹುಡುಗಿಯರು ಯುದ್ಧದ ನಡುವೆ ಹಸಿದವರಿಗೆ ಅಡುಗೆ ಮಾಡಿ ಹಾಕಿದರು. ಇದನ್ನು ಗೆಲುವು ಅನ್ನಲೋ ಸೋಲು ಅನ್ನಲೋ, ನನಗೆ ತಿಳಿಯುವುದಿಲ್ಲ.

ಫೈಲಿನ ಬೆಲೆ ನಿನಗೆ ಗೊತ್ತಾಗದಿದ್ದರೂ ಆಳುವವರಿಗೆ ಚೆನ್ನಾಗಿ ಗೊತ್ತು. ರಷ್ಯಾದ ಮೆಮೋರಿಯಲ್ ಸಂಸ್ಥೆ ಸ್ಟಾಲಿನ್ ಕಾಲದಲ್ಲಿ ಸತ್ತವರ, ಜೈಲಿಗೆ ಹೋದವರ ಹೆಸರು ಕೂಡಿಸುತ್ತಿತ್ತು. ಮೊದಲು 'ವಿದೇಶಿ ಏಜೆಂಟ್' ಅಂತ ಹಣೆಪಟ್ಟಿ ಹಚ್ಚಿದರು. 2021ರ ಡಿಸೆಂಬರ್‌ನಲ್ಲಿ ಕೋರ್ಟಿನ ಆದೇಶದಿಂದ ಬಾಗಿಲು ಹಾಕಿಸಿದರು. ಬರೀ ಸತ್ತವರ ಪಟ್ಟಿಗೆ ಯಾಕಷ್ಟು ಭಯ, ಅಲ್ವಾ?

ಇನ್ನು ನೀನು ಕೇಳಿದ ತಾರೀಕಿನ ವಿಚಾರ. ಹಿಡಿದೊಯ್ದದ್ದು ಯಾವತ್ತು ಅಂದರೆ ತಾಯಿ ಒಂದು ತಾರೀಕು ಹೇಳಿದ್ದಾಳೆ, ಪಕ್ಕದ ಮನೆಯವನು ಇನ್ನೊಂದು ತಾರೀಕು. ಕಥೆ ನೀಟಾಗಿರಲಿ ಅಂತ ಒಂದನ್ನು ಅಳಿಸಬೇಡ. ಎರಡನ್ನೂ ಬರಿ. ಯಾರು ಹೇಳಿದರು, ಯಾವತ್ತು ಹೇಳಿದರು ಅಂತಲೂ ಬರಿ. ಸಂಖ್ಯೆ ಉಬ್ಬಿಸುವುದಂತೂ ಬೇಡವೇ ಬೇಡ. ಒಂದು ಸುಳ್ಳು ಸಿಕ್ಕರೆ ಸಾಕು, ಉಳಿದ ನೂರು ನಿಜವನ್ನೂ ಅವರು ಕಸದಬುಟ್ಟಿಗೆ ಹಾಕುತ್ತಾರೆ. ನಾನು ಕೆಲಸ ಮಾಡಿದ ಕಡೆಯೇ ಒಬ್ಬರು ತಾರೀಕು ತಿದ್ದಿ ಇಡೀ ರಿಜಿಸ್ಟರಿನ ಮಾನ ಕಳೆದಿದ್ದರು. ಮತ್ತೆ, ಹೇಳಿದವರ ಹೆಸರು ಬೇರೆ ಕಡೆ ಇಡು. ನೀನು ದೂರದಲ್ಲಿ ಕ್ಷೇಮವಾಗಿದ್ದೀಯ, ಅವರು ಅಲ್ಲೇ ಬದುಕಬೇಕು. ಅವರು ಒಪ್ಪದೆ ಒಂದಕ್ಷರವೂ ಹೊರಗೆ ಹೋಗಬಾರದು.

ರಜೆಗೆ ಬರುವಾಗ ಆ ಫಾರಂ ಒಂದನ್ನು ತಗೊಂಡು ಬಾ. ತುಂಬಿದ್ದಲ್ಲ ಮತ್ತೆ, ಖಾಲಿದು. ಕಾಲಂ ಹೇಗೆ ಹಾಕಿದ್ದಾರೆ ಅಂತ ಒಮ್ಮೆ ನೋಡಬೇಕು ನನಗೆ.

ನಿನ್ನ ದೊಡ್ಡಪ್ಪ