ಜನವರಿ 31ರೊಳಗೆ ಬರೆಯಬೇಕಾದ ಒಂದು ಪತ್ರ: ಸಂಸದರಲ್ಲಿ ಮನವಿ

ಮಾನ್ಯ ಸಂಸತ್ ಸದಸ್ಯರೇ,

ನಮಸ್ಕಾರ. ಅಕ್ಟೋಬರ್‌ನಲ್ಲಿ ನೊಬೆಲ್ ಪುರಸ್ಕೃತರ ಹೆಸರು ಹೊರಬಿದ್ದ ಕೂಡಲೇ ‘ಇಂಥವರಿಗೆ ಯಾಕೆ ಬರಲಿಲ್ಲ’ ಎಂಬ ಮಾತು ಏಳುತ್ತದೆ. ಅಷ್ಟು ಹೊತ್ತಿಗೆ ಕಾಲ ಮಿಂಚಿರುತ್ತದೆ. ಆ ವರ್ಷಕ್ಕೆ ಹೆಸರು ಸೂಚಿಸುವ ಅವಧಿ ಜನವರಿ 31ಕ್ಕೇ ಮುಗಿದಿರುತ್ತದೆ. ಶಾಂತಿ ಪುರಸ್ಕಾರಕ್ಕೆ ಹೆಸರು ಸೂಚಿಸುವ ಹಕ್ಕು ಯಾವುದೇ ದೇಶದ ಸಂಸತ್ ಸದಸ್ಯರಿಗಿದೆ, ಅಂದರೆ ತಮಗೂ ಇದೆ. ಯಾರ ಆಹ್ವಾನವೂ ಬೇಕಿಲ್ಲ. ಆ ಹಕ್ಕನ್ನು ತಾವು ಬಳಸಬೇಕು, ಚೆನ್ನಾಗಿ ಬಳಸಬೇಕು ಎಂಬುದೇ ನಮ್ಮ ಮನವಿ.

ಹಕ್ಕು ಇರುವುದು ಶಾಂತಿಗೆ ಮಾತ್ರ. ವಿಜ್ಞಾನದ ಪುರಸ್ಕಾರಗಳಿಗೆ ಸ್ಟಾಕ್‌ಹೋಮ್‌ನ ಸಂಸ್ಥೆಗಳು ಅರ್ಹರಿಂದಷ್ಟೇ ಹೆಸರು ಕೇಳುತ್ತವೆ. ಸಾಹಿತ್ಯಕ್ಕಾದರೆ ಸಾಹಿತ್ಯ ಮತ್ತು ಭಾಷಾಶಾಸ್ತ್ರದ ಪ್ರಾಧ್ಯಾಪಕರು, ಹಿಂದಿನ ಪುರಸ್ಕೃತರು, ದೇಶದ ಸಾಹಿತ್ಯವನ್ನು ಪ್ರತಿನಿಧಿಸುವ ಲೇಖಕರ ಸಂಘಗಳ ಅಧ್ಯಕ್ಷರು, ಸ್ವೀಡಿಷ್ ಅಕಾಡೆಮಿಯಂಥ ಅಕಾಡೆಮಿಗಳ ಸದಸ್ಯರು ಬರೆಯಬೇಕು. ಒಬ್ಬ ಕವಿಯ ಪರವಾಗಿ ಸದನದಲ್ಲಿ ನಿರ್ಣಯ ಮಾಡಿಸಿದರೂ ಅದು ನಾಮನಿರ್ದೇಶನ ಆಗುವುದಿಲ್ಲ. ಅಂಥ ಬೇಡಿಕೆ ಬಂದಾಗ ದಯವಿಟ್ಟು ಪ್ರಾಧ್ಯಾಪಕರತ್ತ ಕೈತೋರಿಸಿ.

ಶಾಂತಿಯ ತೀರ್ಮಾನ ಓಸ್ಲೋದ್ದು. ನಾರ್ವೆಯ ಸಂಸತ್ತು ಆರಿಸಿದ ಐವರ ಸಮಿತಿ ಅದನ್ನು ಕೈಗೊಳ್ಳುತ್ತದೆ. ಸಮಿತಿಯ ಜಾಲತಾಣದ ನಮೂನೆಯಲ್ಲಿ ಅಭ್ಯರ್ಥಿಯ ಹೆಸರು, ಅವರೇ ಏಕೆ ಎಂಬ ವಿವರಣೆ, ತಮ್ಮ ಹೆಸರು ಮತ್ತು ಹುದ್ದೆ ಬರೆದರೆ ಆಯಿತು. ತಮ್ಮ ಹೆಸರನ್ನೇ ತಾವು ಸೂಚಿಸುವಂತಿಲ್ಲ. ಸಂಸ್ಥೆಗಳನ್ನು ಸೂಚಿಸಬಹುದು. ತೀರಿಕೊಂಡವರನ್ನು ಸೂಚಿಸಿ ಫಲವಿಲ್ಲ.

ನಮೂನೆ ಸುಲಭ, ವಿವರಣೆಯೇ ಕಷ್ಟ. 2025ರ ಪುರಸ್ಕಾರಕ್ಕೆ 338 ಹೆಸರುಗಳಿದ್ದವು: 244 ವ್ಯಕ್ತಿಗಳು, 94 ಸಂಸ್ಥೆಗಳು. ಅಷ್ಟರಲ್ಲಿ ಕಿರುಪಟ್ಟಿಗೆ ಬಂದವರ ಮೇಲೆ ಮಾತ್ರ ಸಲಹೆಗಾರರು ವರದಿ ಬರೆಯುತ್ತಾರೆ. ಆ ವರದಿ ಹೇಗಿರುತ್ತದೆ ಎಂಬುದಕ್ಕೆ ಗಾಂಧೀಜಿಯ ಕಡತವೇ ಸಾಕ್ಷಿ. 1937ರಲ್ಲಿ ಅವರ ಹೆಸರು ಸೂಚಿಸಿದವರು ನಾರ್ವೆಯ ಸಂಸದ ಓಲೆ ಕೋಲ್‌ಬ್ಯೋರ್ನ್ಸನ್. ಸಲಹೆಗಾರ ಯಾಕೊಬ್ ವೊರ್ಮ್ ಮ್ಯುಲ್ಲರ್ ಗಾಂಧೀಜಿಯನ್ನು ಮೆಚ್ಚಿಕೊಂಡೂ ಒಂದು ಆಕ್ಷೇಪ ಎತ್ತಿದರು: ದಕ್ಷಿಣ ಆಫ್ರಿಕಾದ ಹೋರಾಟ ಭಾರತೀಯರಿಗಾಗಿ ಮಾತ್ರ ನಡೆಯಿತು, ಅವರಿಗಿಂತ ಕಷ್ಟದಲ್ಲಿದ್ದ ಕರಿಯರಿಗಾಗಿ ಅಲ್ಲ. ನೊಬೆಲ್ ಅವರ 1895ರ ಉಯಿಲು ಕೇಳುವುದು ರಾಷ್ಟ್ರಗಳ ನಡುವಣ ಸಹೋದರತ್ವವನ್ನು. ಅಭ್ಯರ್ಥಿ ದೊಡ್ಡವರು ಎಂದಷ್ಟೇ ಬರೆದರೆ ಆ ಆಕ್ಷೇಪಕ್ಕೆ ಉತ್ತರ ಸಿಗುವುದಿಲ್ಲ. ಹಾಗಾಗಿ ಯಾವ ಜಗಳ ನಿಂತಿತು, ಯಾವ ಒಪ್ಪಂದಕ್ಕೆ ಯಾರು ಕೂತು ಮಾತಾಡಿದರು, ಯಾವ ವರ್ಷ, ಅದಕ್ಕೆ ದಾಖಲೆ ಎಲ್ಲಿದೆ ಎಂದು ಬರೆಯಿರಿ. ಅಭ್ಯರ್ಥಿಯ ಮೇಲಿರುವ ಅತಿ ಗಟ್ಟಿ ಟೀಕೆಯನ್ನು ತಾವೇ ಎತ್ತಿಕೊಂಡು ಉತ್ತರಿಸಿ. ವಿಶೇಷಣಗಳನ್ನು ಹೊಡೆದುಹಾಕಿದ ಮೇಲೆ ಏನು ಉಳಿಯುತ್ತದೋ ಅದೇ ತಮ್ಮ ವಾದ.

ಒಮ್ಮೆ ಕಳಿಸಿದ ಹೆಸರು ಆ ವರ್ಷಕ್ಕಷ್ಟೇ. ಕೋಲ್‌ಬ್ಯೋರ್ನ್ಸನ್ 1938, 1939ರಲ್ಲೂ ಬಿಡದೆ ಸೂಚಿಸಿದರು. ಮುಂದೂಡಿದರೆ ಏನಾಗುತ್ತದೆ ಎಂಬುದೂ ಅದೇ ಕಡತದಲ್ಲಿದೆ. 1948ರ ಜನವರಿ 30ರಂದು ಗಾಂಧೀಜಿಯ ಹತ್ಯೆಯಾದಾಗ ಆ ವರ್ಷದ ಗಡುವಿಗೆ ಒಂದೆರಡು ದಿನವಷ್ಟೇ ಉಳಿದಿತ್ತು. ಯೋಗ್ಯರಾದ ಜೀವಂತ ಅಭ್ಯರ್ಥಿ ಯಾರೂ ಇಲ್ಲವೆಂದು ಸಮಿತಿ ಆ ವರ್ಷ ಪುರಸ್ಕಾರ ಕೊಡಲೇ ಇಲ್ಲ. 1974ರಿಂದೀಚೆಗೆ ನಿಯಮ ಇನ್ನೂ ಬಿಗಿ: ಘೋಷಣೆಯಾದ ಮೇಲೆ ತೀರಿಕೊಂಡರೆ ಮಾತ್ರ ಮರಣೋತ್ತರವಾಗಿ ಸಲ್ಲುತ್ತದೆ.

ಇನ್ನೊಂದು ಮಾತು. ಹೆಸರು ಕಳಿಸಿದ್ದನ್ನು ಪತ್ರಿಕಾಗೋಷ್ಠಿ ಕರೆದು ಹೇಳಬೇಡಿ. ಸಮಿತಿ 50 ವರ್ಷ ಬಾಯಿ ಬಿಡುವುದಿಲ್ಲ. ‘ನೊಬೆಲ್‌ಗೆ ನಾಮನಿರ್ದೇಶಿತರು’ ಎಂಬುದು ಸಮಿತಿ ಕೊಟ್ಟ ಮನ್ನಣೆಯಲ್ಲ, ಯಾರೋ ಒಬ್ಬರು ಅರ್ಜಿ ತುಂಬಿದ್ದಾರೆ ಎಂದಷ್ಟೇ ಅದರ ಅರ್ಥ. ಐವತ್ತು ವರ್ಷ ಕಳೆದ ಮೇಲೆ ಕಡತ ತೆರೆಯುತ್ತದೆ. 1939ರಲ್ಲಿ ಸ್ವೀಡನ್ನಿನ ಸಂಸದ ಬ್ರಾಂಟ್ ವ್ಯಂಗ್ಯಕ್ಕೆಂದು ಹಿಟ್ಲರನ ಹೆಸರು ಕಳಿಸಿ ಕೆಲವೇ ದಿನಗಳಲ್ಲಿ ಹಿಂತೆಗೆದುಕೊಂಡರೂ ಅದು ಇಂದಿಗೂ ದಾಖಲೆಯಲ್ಲಿದೆ. ತಮ್ಮ ಪತ್ರವೂ ಅಲ್ಲೇ ಇರುತ್ತದೆ, ತಮ್ಮ ಸಹಿಯೊಂದಿಗೆ.

ಗಡುವು ಜನವರಿ 31ರ ಮಧ್ಯರಾತ್ರಿ, ಓಸ್ಲೋ ಗಡಿಯಾರದ ಪ್ರಕಾರ. ಕೊನೆಯ ವಾರಕ್ಕೆ ಬಿಡದೆ ನವೆಂಬರ್‌ನಲ್ಲೇ ವಿವರಣೆ ಬರೆಯಲು ಕೂರಿ.

ಇಂತಿ,
ತಮ್ಮ ವಿಶ್ವಾಸಿಗಳು